‘ಸಮಾನ ಉದ್ದೇಶ’ ಪ್ರತಿ ಆರೋಪಿಯ ವಿರುದ್ಧವೂ ಬೇರೆಬೇರೆಯಾಗಿ ರುಜುವಾಗಲಿ

ಮಾನ್ಯ ಸಂಪಾದಕರೇ,

ಕೊಲೆ ಪ್ರಕರಣವೊಂದರ ತೀರ್ಪು ಪತ್ರಿಕೆಯಲ್ಲಿ ಬಂದಾಗಲೆಲ್ಲ ಓದುಗರಲ್ಲಿ ಎರಡು ಬಗೆಯ ಸಿಟ್ಟು ಕಾಣುತ್ತದೆ. ಮಚ್ಚು ಬೀಸಿದವನು ಒಬ್ಬನಾದರೆ ಪಕ್ಕದಲ್ಲಿ ನಿಂತಿದ್ದ ಮೂವರಿಗೂ ಜೀವಾವಧಿ ಶಿಕ್ಷೆ ಯಾಕೆ ಎಂದು ಕೆಲವರು ಕೇಳುತ್ತಾರೆ. ಹತ್ತು ಜನ ಸೇರಿ ಹೊಡೆದು ಕೊಂದಿದ್ದನ್ನು ಊರೇ ನೋಡಿರುವಾಗ ಒಂಬತ್ತು ಜನ ಖುಲಾಸೆಯಾದದ್ದು ಹೇಗೆ ಎಂದು ಇನ್ನು ಕೆಲವರು ಕೇಳುತ್ತಾರೆ. ಎರಡೂ ನ್ಯಾಯವಾದ ಪ್ರಶ್ನೆಗಳೇ, ಮತ್ತು ಎರಡಕ್ಕೂ ಉತ್ತರ ಇರುವುದು ಒಂದೇ ಜಾಗದಲ್ಲಿ: ಹಲವರು ಸೇರಿ ಮಾಡಿದ ಕೊಲೆಯಲ್ಲಿ ಕೊಲ್ಲುವ ಉದ್ದೇಶ ಯಾರು ಯಾರಲ್ಲಿ ಹಂಚಿಕೆಯಾಗಿತ್ತು ಎಂಬುದನ್ನು ಪೊಲೀಸರು ಹೇಗೆ ತನಿಖೆ ಮಾಡಿದರು, ನ್ಯಾಯಾಲಯದಲ್ಲಿ ಹೇಗೆ ರುಜುವಾತು ಮಾಡಿದರು ಎಂಬುದರಲ್ಲಿ. ಉತ್ತರ ಕರ್ನಾಟಕದ ಸೆಷನ್ಸ್ ನ್ಯಾಯಾಲಯಗಳಲ್ಲಿ ಮೂವತ್ತು ವರ್ಷ, ಹೆಚ್ಚಾಗಿ ಆರೋಪಿಗಳ ಪರವಾಗಿ, ವಕಾಲತ್ತು ಮಾಡಿದವನಾಗಿ ಈ ವಿಷಯವನ್ನು ಕುರಿತು ಸ್ವಲ್ಪ ದೀರ್ಘವಾಗಿಯೇ ಬರೆಯುತ್ತಿದ್ದೇನೆ. ಈಗ ವಿಚಾರಣೆಯಲ್ಲಿರುವ ಯಾವ ಪ್ರಕರಣದ ಬಗ್ಗೆಯೂ ಇಲ್ಲಿ ಒಂದಕ್ಷರ ಹೇಳುವುದಿಲ್ಲ.

1860ರ ಭಾರತ ದಂಡ ಸಂಹಿತೆಯ 34ನೇ ಕಲಂ ಈಗ ಭಾರತೀಯ ನ್ಯಾಯ ಸಂಹಿತೆಯಲ್ಲಿ 3ನೇ ಕಲಮಿನ 5ನೇ ಉಪಕಲಮಾಗಿದೆ. ಎಲ್ಲರ ಸಮಾನ ಉದ್ದೇಶವನ್ನು ಈಡೇರಿಸುವುದಕ್ಕಾಗಿ ಹಲವರು ಸೇರಿ ಅಪರಾಧ ಕೃತ್ಯವೊಂದನ್ನು ಎಸಗಿದರೆ, ಆ ಕೃತ್ಯವನ್ನು ತಾನೊಬ್ಬನೇ ಎಸಗಿದ್ದರೆ ಹೇಗೋ ಹಾಗೆಯೇ ಅವರಲ್ಲಿ ಪ್ರತಿಯೊಬ್ಬನೂ ಹೊಣೆಗಾರನಾಗುತ್ತಾನೆ ಎಂಬುದು ಅದರ ಸಾರ. ‘ಎಲ್ಲರ ಸಮಾನ ಉದ್ದೇಶವನ್ನು ಈಡೇರಿಸುವುದಕ್ಕಾಗಿ’ ಎಂಬ ಮಾತು ಮೂಲ ಕಾಯ್ದೆಯಲ್ಲಿ ಇರಲಿಲ್ಲ. 1870ರ ತಿದ್ದುಪಡಿಯಲ್ಲಿ ಅದನ್ನು ಸೇರಿಸಿದರು. ಆ ಕೆಲವೇ ಪದಗಳ ಮೇಲೆ ಒಂದೂವರೆ ಶತಮಾನದಿಂದ ನಮ್ಮ ನ್ಯಾಯಾಲಯಗಳು ವಾದಿಸುತ್ತ ಬಂದಿವೆ. ಈ ಕಲಂ ತಾನಾಗಿ ಯಾವ ಅಪರಾಧವನ್ನೂ ಸೃಷ್ಟಿಸುವುದಿಲ್ಲ. ಕೊಲೆಗೆ ಶಿಕ್ಷೆ ವಿಧಿಸುವುದು ಹಿಂದೆ 302, ಈಗ 103ನೇ ಕಲಂ. ಒಬ್ಬನ ಕೈಯ ಏಟಿಗೆ ಇನ್ನೊಬ್ಬನನ್ನೂ ಹೊಣೆ ಮಾಡುವ ಕೊಂಡಿ ಮಾತ್ರ ಈ ಕಲಂ. ಕೊಂಡಿ ಗಟ್ಟಿಯಾಗಿದ್ದರೆ ಚಾಕು ಮುಟ್ಟದವನೂ ಕೊಲೆಗಾರ. ಕೊಂಡಿ ಇಲ್ಲದಿದ್ದರೆ ಅವನು ತಾನು ಮಾಡಿದ್ದಕ್ಕೆ ಮಾತ್ರ ಹೊಣೆ.

ಚಾಕು ಮುಟ್ಟದವನಿಗೂ ಶಿಕ್ಷೆಯಾಗುವುದು ಅನ್ಯಾಯವೆಂದು ತಿಳಿಯುವವರು ಕಲ್ಕತ್ತೆಯ ಶಂಕರಿಟೋಲಾ ಅಂಚೆ ಕಚೇರಿಯ ಪ್ರಕರಣವನ್ನು ಗಮನಿಸಬೇಕು. 1923ರ ಆಗಸ್ಟ್ ತಿಂಗಳಲ್ಲಿ ಅಲ್ಲಿನ ಉಪ ಅಂಚೆ ಪಾಲಕರು ಹಿಂದಿನ ಕೋಣೆಯಲ್ಲಿ ಮೇಜಿನ ಮುಂದೆ ಕುಳಿತು ಹಣ ಎಣಿಸುತ್ತಿದ್ದಾಗ ಅಂಗಳದ ಕಡೆಯ ಬಾಗಿಲಲ್ಲಿ ಕೆಲವರು ಕಾಣಿಸಿಕೊಂಡು ಹಣ ಕೊಡುವಂತೆ ಕೇಳಿದರು. ಮರುಕ್ಷಣವೇ ಪಿಸ್ತೂಲುಗಳಿಂದ ಗುಂಡು ಹಾರಿತು, ಅವರು ಅಲ್ಲೇ ಸತ್ತರು. ಬಂದವರು ಹಣ ಮುಟ್ಟದೆ ದಿಕ್ಕಾಪಾಲಾಗಿ ಓಡಿದರು. ಪಿಸ್ತೂಲು ಹಿಡಿದು ಓಡುತ್ತಿದ್ದ ಒಬ್ಬನು ಮಾತ್ರ ಸಿಕ್ಕಿಬಿದ್ದ. ತಾನು ಅಂಗಳದಲ್ಲಿ ಹೆದರಿಕೊಂಡು ನಿಂತಿದ್ದೆನೇ ಹೊರತು ಕೊಂದವನು ತಾನಲ್ಲ ಎಂಬುದು ಅವನ ವಾದವಾಗಿತ್ತು. ಕಾನೂನು ವರದಿಗಳಲ್ಲಿ 1925ರ ಬರೇಂದ್ರ ಕುಮಾರ್ ಘೋಷ್ ಪ್ರಕರಣವೆಂದು ಹೆಸರಾದ ಈ ತೀರ್ಪಿನಲ್ಲಿ, ಬ್ರಿಟಿಷರ ಕಾಲದಲ್ಲಿ ನಮ್ಮ ಕೊನೆಯ ಮೇಲ್ಮನವಿಗಳನ್ನು ಕೇಳುತ್ತಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಆ ವಾದವನ್ನು ಒಪ್ಪಲಿಲ್ಲ. ಕಾದು ನಿಂತವನೂ ಕೆಲಸದಲ್ಲಿ ಪಾಲುದಾರನೇ ಎಂಬ ಲಾರ್ಡ್ ಸಮ್ನರ್ ಅವರ ಮಾತಿನ ತಾತ್ಪರ್ಯ ಇಂದಿಗೂ ಪ್ರತಿ ವಾದದಲ್ಲಿ ಕೇಳಿಬರುತ್ತದೆ. ಮುಂದೆ 1950ರ ದಶಕದಲ್ಲಿ ನಮ್ಮ ಸುಪ್ರೀಂ ಕೋರ್ಟ್ ಕೂಡ, ಬಾಗಿಲ ಹೊರಗೆ ಕಾವಲು ನಿಂತವನೂ, ತಪ್ಪಿಸಿಕೊಂಡು ಹೋಗಲೆಂದು ಹತ್ತಿರದ ರಸ್ತೆಯಲ್ಲಿ ಕಾರು ಸಿದ್ಧವಿಟ್ಟುಕೊಂಡು ಕುಳಿತವನೂ ಕೃತ್ಯದಲ್ಲಿ ಭಾಗಿಯಾದವನೇ ಎಂದು ಹೇಳಿತು. ನನ್ನ ಮಟ್ಟಿಗೆ ಇದು ಸರಿಯಾದ ಕಾನೂನು. ಹಂಚಿಕೊಂಡು ಮಾಡಿದ ಕೊಲೆಯಲ್ಲಿ ಏಟು ಹಾಕಿದವನೊಬ್ಬನನ್ನೇ ಹಿಡಿದು ಉಳಿದವರನ್ನು ಮನೆಗೆ ಕಳುಹಿಸುವ ಸಮಾಜ ಉಳಿಯಲಾರದು.

ಆದರೆ ಇದೇ ಕಾನೂನಿಗೆ ಇನ್ನೊಂದು ಮುಖವಿದೆ, ಮತ್ತು ಅದನ್ನು ತೋರಿಸಿಕೊಟ್ಟದ್ದು 1943ರ ಆಗಸ್ಟಿನಲ್ಲಿ ಸಿಂಧೂ ನದಿಯ ದಡದಲ್ಲಿ ನಡೆದ ಒಂದು ಸಣ್ಣ ಜಗಳ. ಕೆಲವರು ದೋಣಿಯಲ್ಲಿ ಹೋಗಿ ನದಿ ದಂಡೆಯ ಜೊಂಡು ಕೊಯ್ದು ತರುತ್ತಿದ್ದರು. ಅದು ತಮ್ಮ ಜಮೀನಿನ ಜೊಂಡು ಎಂದು ಒಬ್ಬ ತಡೆದ. ಮಾತಿಗೆ ಮಾತು ಬೆಳೆದು ದೋಣಿಯವನೊಬ್ಬ ಕೋಲಿನಿಂದ ಅವನಿಗೆ ಹೊಡೆದ. ಪೆಟ್ಟು ತಿಂದವನು ಸಹಾಯಕ್ಕೆ ಕೂಗಿಕೊಂಡಾಗ ಅವನ ಬಂಧುಗಳಿಬ್ಬರು ಬಂದೂಕು ಹಿಡಿದು ಓಡಿಬಂದರು. ಒಬ್ಬ ಹಾರಿಸಿದ ಗುಂಡಿಗೆ ದೋಣಿಯವನು ಸತ್ತ, ಇನ್ನೊಬ್ಬ ಹಾರಿಸಿದ ಗುಂಡು ಮತ್ತೊಬ್ಬನಿಗೆ ತಗುಲಿ ಗಾಯವಾಯಿತು. ಕೊಂದವನು ಪರಾರಿಯಾದ, ಗಾಯ ಮಾಡಿದವನು ಸಿಕ್ಕಿ, ಕೊಲೆಗೆ ಹೊಣೆಯಾಗಿ ಮರಣದಂಡನೆಗೆ ಗುರಿಯಾದ. ಲಾಹೋರ್ ಹೈಕೋರ್ಟ್ ಶಿಕ್ಷೆಯನ್ನು ಎತ್ತಿಹಿಡಿಯಿತು. ಮೇಲ್ನೋಟಕ್ಕೆ ಇದಕ್ಕಿಂತ ಸ್ಪಷ್ಟವಾದ ಪ್ರಕರಣ ಬೇಕೇ? ಇಬ್ಬರೂ ಒಟ್ಟಿಗೆ ಬಂದಿದ್ದರು, ಇಬ್ಬರ ಕೈಯಲ್ಲೂ ಬಂದೂಕಿತ್ತು, ಇಬ್ಬರೂ ಗುಂಡು ಹಾರಿಸಿದ್ದರು.

ಆದರೂ 1945ರಲ್ಲಿ ಪ್ರಿವಿ ಕೌನ್ಸಿಲ್ ಪರವಾಗಿ ಸರ್ ಮಾಧವನ್ ನಾಯರ್ ಬರೆದ ತೀರ್ಪು ಆ ಕೊಲೆ ಶಿಕ್ಷೆಯನ್ನು ರದ್ದುಪಡಿಸಿತು. ಇಬ್ಬರ ಮನಸ್ಸಿನಲ್ಲೂ ಒಂದೇ ತರಹದ ಉದ್ದೇಶ ಇದ್ದಿರಬಹುದು, ಆದರೆ ಒಂದೇ ತರಹದ ಉದ್ದೇಶ ಬೇರೆ, ಹಂಚಿಕೊಂಡ ಉದ್ದೇಶ ಬೇರೆ. ಇವರಿಬ್ಬರೂ ಮೊದಲೇ ಮಾತಾಡಿಕೊಂಡು ಕೊಲ್ಲಲೆಂದು ಬಂದವರಲ್ಲ, ಪೆಟ್ಟು ತಿನ್ನುತ್ತಿದ್ದ ತಮ್ಮವನನ್ನು ಬಿಡಿಸಲು ಬಂದವರು ಎಂದೇ ಸಾಕ್ಷ್ಯ ಸೂಚಿಸುತ್ತದೆ ಎಂದು ಅದು ಹೇಳಿತು. ಕಾನೂನು ವಿದ್ಯಾರ್ಥಿಯಾಗಿದ್ದಾಗ ಮಹಬೂಬ್ ಶಾ ಪ್ರಕರಣದ ಈ ತೀರ್ಪನ್ನು ಓದಿ ನನಗೆ ಸಮಾಧಾನವಾಗಿರಲಿಲ್ಲ. ಕೂದಲು ಸೀಳಿದಂತೆ ಕಂಡಿತ್ತು. ನ್ಯಾಯಾಲಯದಲ್ಲಿ ಮನುಷ್ಯರನ್ನು ಕಂಡ ಮೇಲೆ ಅದರ ಬೆಲೆ ತಿಳಿಯಿತು.

ಹಾಗೆಂದು ಸಮಾನ ಉದ್ದೇಶಕ್ಕೆ ದಿನಗಟ್ಟಲೆ ಮುಂಚಿನ ಸಂಚು ಬೇಕೆಂದಲ್ಲ. ಆಗಿನ ಹೈದರಾಬಾದ್ ರಾಜ್ಯದಿಂದ ಬಂದ ಪಾಂಡುರಂಗ ಪ್ರಕರಣದಲ್ಲಿ, 1955ರ ವರದಿಯಂತೆ, ನ್ಯಾಯಮೂರ್ತಿ ವಿವಿಯನ್ ಬೋಸ್ ಅವರು ಇದನ್ನು ತಿಳಿಯಾಗಿ ವಿವರಿಸಿದ್ದಾರೆ. ಒಬ್ಬನು ಇಂಥವನನ್ನು ಕೊಲ್ಲೋಣ ಬನ್ನಿ ಎಂದು ಅಲ್ಲಿದ್ದವರನ್ನು ಕರೆದಾಗ ಅವರು ಮಾತಿನಿಂದಲೋ ಕೃತಿಯಿಂದಲೋ ಒಪ್ಪಿ ಕೈಜೋಡಿಸಿದರೆ ಆ ಕ್ಷಣದಲ್ಲೇ ಸಮಾನ ಉದ್ದೇಶ ಹುಟ್ಟಬಹುದು. ಆದರೆ ಎಷ್ಟೇ ಅಲ್ಪಕಾಲದ್ದಾದರೂ ಮನಸ್ಸುಗಳ ಕೂಡುವಿಕೆ ಏಟಿಗಿಂತ ಮುಂಚೆ ನಡೆದಿರಬೇಕು. ಒಂದೇ ತರಹದ ಉದ್ದೇಶಕ್ಕೂ ಸಮಾನ ಉದ್ದೇಶಕ್ಕೂ ನಡುವಿನ ಗೋಡೆ ಬಹಳ ತೆಳುವಾದದ್ದು, ಆದರೂ ಅದು ನಿಜವಾದ ಗೋಡೆ, ಅದನ್ನು ಮರೆತರೆ ನ್ಯಾಯ ತಪ್ಪುತ್ತದೆ ಎಂದು ಅವರು ಎಚ್ಚರಿಸಿದ್ದರು.

ಆ ತೆಳು ಗೋಡೆಯನ್ನು ನಾನು ಹತ್ತಿರದಿಂದ ನೋಡಿದ್ದು ಬದುವಿನ ಜಗಳದ ಒಂದು ಪ್ರಕರಣದಲ್ಲಿ. ಊರು, ಹೆಸರು ಇಲ್ಲಿ ಬೇಡ. ಅಣ್ಣ ತಮ್ಮಂದಿರಿಬ್ಬರ ಹೊಲಕ್ಕೂ ಪಕ್ಕದವನ ಹೊಲಕ್ಕೂ ನಡುವಿನ ಬದುವನ್ನು ಯಾರೋ ನೇಗಿಲಿನಿಂದ ಒಂದು ಸಾಲು ಒತ್ತಿದ್ದರು. ಬೆಳಗ್ಗೆ ಬೈದಾಟ, ಸಂಜೆಯ ಹೊತ್ತಿಗೆ ಕೈಕೈ ಮಿಲಾಯಿಸಿ, ಅಣ್ಣನು ಕೊಡಲಿಯಿಂದ ಪಕ್ಕದವನ ತಲೆಗೆ ಒಂದೇ ಏಟು ಹಾಕಿದ. ಪಿರ್ಯಾದಿಯಲ್ಲಿ ಆರು ಜನರ ಹೆಸರಿತ್ತು: ಅಣ್ಣ, ತಮ್ಮ, ಇಬ್ಬರ ಹೆಂಡಂದಿರು, ಮುದಿ ತಂದೆ ಮತ್ತು ಪರೀಕ್ಷೆ ಬರೆಯುತ್ತಿದ್ದ ಒಬ್ಬ ಹುಡುಗ. ಎಲ್ಲರೂ ‘ಕೊಲೆ ಮಾಡುವ ಸಮಾನ ಉದ್ದೇಶದಿಂದ’ ಬಂದು, ‘ಇವನನ್ನು ಜೀವಸಹಿತ ಬಿಡಬೇಡಿ’ ಎಂದು ಕೂಗಿದರೆಂದು ಬರೆಯಲಾಗಿತ್ತು. ತಮ್ಮನ ಮೇಲಿದ್ದ ವಿಶೇಷ ಆರೋಪವೆಂದರೆ, ಅಣ್ಣ ಕೊಡಲಿ ಎತ್ತಿದಾಗ ಅವನು ಮೃತನ ಎರಡೂ ತೋಳುಗಳನ್ನು ಹಿಂದಿನಿಂದ ಹಿಡಿದಿದ್ದ ಎಂಬುದು. ಅವನೇ ನನ್ನ ಕಕ್ಷಿದಾರ.

ಮುಖ್ಯ ಸಾಕ್ಷಿ ಎಪ್ಪತ್ತರ ಆಸುಪಾಸಿನ ಮುದುಕಿ, ಪಕ್ಕದ ಹೊಲದಲ್ಲಿ ಕಸ ತೆಗೆಯುತ್ತಿದ್ದವಳು. ಸರ್ಕಾರಿ ವಕೀಲರು ಕೇಳಿದಾಗ ತಮ್ಮ ತೋಳು ಹಿಡಿದಿದ್ದನ್ನು ಒಪ್ಪಿದಳು. ಪಾಟೀಸವಾಲಿನಲ್ಲಿ ನಾನು, ಅವನು ಜಗಳ ಬಿಡಿಸಲು ಹಿಡಿದದ್ದಲ್ಲವೇ ಎಂದು ಕೇಳಿದೆ. ಅವಳು ಸ್ವಲ್ಪ ಹೊತ್ತು ನನ್ನನ್ನೇ ನೋಡಿ, ‘ಹಿಡಕೊಂಡಿದ್ದು ಖರೆ ಸಾಹೇಬ್ರ. ಬಿಡಸಾಕ ಹಿಡಕೊಂಡಿದ್ನೋ, ಹೊಡಸಾಕ ಹಿಡಕೊಂಡಿದ್ನೋ, ಅದನ್ನ ನಾ ಹ್ಯಾಂಗ ಹೇಳ್ಲಿ?’ ಎಂದಳು. ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ತಲೆ ಎತ್ತಿದರು. ಕೋರ್ಟ್ ಹಾಲಿನಲ್ಲಿ ಯಾರೂ ಮಾತಾಡಲಿಲ್ಲ. 34ನೇ ಕಲಂ ಕುರಿತು ನಾನು ಓದಿದ ಎಲ್ಲ ತೀರ್ಪುಗಳ ತಿರುಳು ಆ ಮುದುಕಿಯ ಒಂದು ಮಾತಿನಲ್ಲಿತ್ತು.

ಆ ಪ್ರಶ್ನೆಗೆ ಉತ್ತರ ಹೇಳಬಲ್ಲ ಸಾಕ್ಷ್ಯ ಇರಲಿಲ್ಲವೆಂದಲ್ಲ. ಅದನ್ನು ಯಾರೂ ಹುಡುಕಿರಲಿಲ್ಲ. ಅಣ್ಣನ ಅಂಗಿಯನ್ನು ಜಪ್ತಿ ಮಾಡಿದ್ದರು, ತಮ್ಮನ ಅಂಗಿಯನ್ನು ಮುಟ್ಟಿರಲಿಲ್ಲ. ಏಟು ಬಿದ್ದಾಗ ಅವನು ಮೃತನ ಬೆನ್ನಿಗೆ ಅಂಟಿಕೊಂಡು ನಿಂತಿದ್ದನೋ, ಅಷ್ಟರಲ್ಲಿ ಬಿಟ್ಟು ದೂರ ಸರಿದಿದ್ದನೋ ಎಂಬುದನ್ನು ಅಂಗಿಯ ಮೇಲಿನ ರಕ್ತದ ಕಲೆ ಸ್ವಲ್ಪಮಟ್ಟಿಗಾದರೂ ಹೇಳುತ್ತಿತ್ತು. ಮೃತನ ತೋಳುಗಳ ಮೇಲೆ ಬಿಗಿಯಾಗಿ ಹಿಡಿದ ಕಂದುಗುರುತು ಇತ್ತೇ ಎಂದು ಮರಣೋತ್ತರ ಪರೀಕ್ಷೆ ಮಾಡಿದ ವೈದ್ಯರನ್ನು ಯಾರೂ ಕೇಳಿರಲಿಲ್ಲ; ವರದಿ ಆ ಬಗ್ಗೆ ಮೌನವಾಗಿತ್ತು. ಕೊಡಲಿಯನ್ನು ಮನೆಯಿಂದ ತಂದದ್ದೋ, ಕಟ್ಟಿಗೆ ಕಡಿಯಲು ಹೊಲದಲ್ಲೇ ಇದ್ದದ್ದೋ ಎಂಬುದೂ ದಾಖಲೆಯಲ್ಲಿ ಇರಲಿಲ್ಲ. ಏಟು ಬಿದ್ದ ಮೇಲೆ ತಮ್ಮ ಅಣ್ಣನ ಜೊತೆ ಓಡಿದನೇ, ಬಿದ್ದವನ ಬಾಯಿಗೆ ನೀರು ಹಾಕಿದನೇ ಎಂದು ಅಕ್ಕಪಕ್ಕದವರ ಹೇಳಿಕೆಯಲ್ಲಿ ಕೇಳಿರಲೇ ಇಲ್ಲ. ಆರು ಜನರ ವಿರುದ್ಧ ಹದಿನಾಲ್ಕು ಸಾಕ್ಷಿಗಳ ಹೇಳಿಕೆಗಳಿದ್ದವು, ಎಲ್ಲದರಲ್ಲೂ ಆ ಒಂದೇ ವಾಕ್ಯ ಅಕ್ಷರ ಬದಲಾಗದೆ ಬಂದಿತ್ತು. ಅಣ್ಣನಿಗೆ ಶಿಕ್ಷೆಯಾಯಿತು. ಉಳಿದ ಐವರೂ ಖುಲಾಸೆಯಾದರು, ನನ್ನ ಕಕ್ಷಿದಾರ ಅಷ್ಟರಲ್ಲಿ ಎರಡು ವರ್ಷಕ್ಕೂ ಹೆಚ್ಚು ಕಾಲ ಜೈಲಿನಲ್ಲಿ ಕಳೆದಿದ್ದ. ಅವನು ಬಿಡಿಸಲು ಹಿಡಿದಿದ್ದರೆ ಆ ಎರಡು ವರ್ಷ ಅನ್ಯಾಯ. ಹೊಡೆಸಲು ಹಿಡಿದಿದ್ದರೆ ಸತ್ತವನ ಮನೆಯವರಿಗೆ ಅನ್ಯಾಯ. ಎರಡರಲ್ಲಿ ಯಾವುದು ಆಯಿತೆಂದು ಅವನ ವಕೀಲನಾದ ನನಗೂ ಇಂದಿಗೂ ತಿಳಿದಿಲ್ಲ.

ಹಿಡಿದುಕೊಳ್ಳುವ ಈ ಸಮಸ್ಯೆ ನಮ್ಮ ಹೊಲದ ಬದುವಿಗಷ್ಟೇ ಸೀಮಿತವಾದದ್ದಲ್ಲ. ಬಿಹಾರದ ರಾಮಾಶಿಷ್ ಯಾದವ್ ಪ್ರಕರಣದಲ್ಲಿ 1999ರಲ್ಲಿ ಸುಪ್ರೀಂ ಕೋರ್ಟ್ ಎದುರಿಗೆ ಬಂದದ್ದೂ ಇದೇ. ಇಬ್ಬರು ಒಬ್ಬನನ್ನು ಹಿಡಿದುಕೊಂಡಿದ್ದರು, ಆಗ ಬೇರೆ ಇಬ್ಬರು ಗಂಡಾಸ ಎಂಬ ಕೊಡಲಿಯಂಥ ಆಯುಧ ಹಿಡಿದು ಬಂದು ಕಡಿದರು. ಹಿಡಿದವರಿಗೆ ಕಡಿಯುವವರ ಉದ್ದೇಶ ಗೊತ್ತಿತ್ತು, ಅದರಲ್ಲಿ ಪಾಲಿತ್ತು ಎಂದು ಹಿಡಿದದ್ದೊಂದರಿಂದಲೇ ಹೇಳಲಾಗದೆಂದು ನ್ಯಾಯಾಲಯ ತೀರ್ಮಾನಿಸಿತು. ಹಿಡಿದವನು ಎಂದಿಗೂ ಹೊಣೆಯಲ್ಲ ಎಂದು ಇದರ ಅರ್ಥವಲ್ಲ. ಚಾಕು ಹೊರತೆಗೆದದ್ದನ್ನು ಕಂಡ ಮೇಲೂ ಹಿಡಿತ ಬಿಡದವನು, ಮೊದಲ ಏಟು ಬಿದ್ದ ಮೇಲೂ ಎರಡನೆಯ ಏಟಿಗೆ ಬಿಗಿಯಾಗಿ ಹಿಡಿದುಕೊಟ್ಟವನು ತನ್ನ ಉದ್ದೇಶವನ್ನು ತನ್ನ ಕೈಯಿಂದಲೇ ಬರೆದುಕೊಡುತ್ತಾನೆ. ಆದ್ದರಿಂದಲೇ ಏಟುಗಳೆಷ್ಟು, ಯಾವ ಕ್ರಮದಲ್ಲಿ, ಪ್ರತಿ ಏಟಿನ ಹೊತ್ತಿಗೆ ಯಾರು ಎಲ್ಲಿದ್ದರು ಎಂಬ ವಿವರಕ್ಕೆ ಇಷ್ಟು ಬೆಲೆ.

‘ಕೂಗಿದರು’ ಎಂಬ ಆರೋಪದ ಬಗ್ಗೆ ಹೇಳದೆ ಮುಂದೆ ಹೋಗಲಾರೆ. ಹೊಡಿ, ಬಿಡಬೇಡ, ಮುಗಿಸಿಬಿಡು ಎಂದು ಕೂಗಿ ಪ್ರಚೋದಿಸಿದರೆಂಬ ಸಾಕ್ಷ್ಯ ಸ್ವಭಾವತಃ ದುರ್ಬಲವಾದದ್ದೆಂದೂ, ನಿಜವಾಗಿ ಹೊಡೆದವನ ಜೊತೆಗೆ ಇನ್ನೊಬ್ಬನನ್ನು ಸಿಕ್ಕಿಸಲು ಇಂಥ ಮಾತನ್ನು ಅವನ ಬಾಯಿಗೆ ಹಾಕುವ ಪ್ರವೃತ್ತಿ ಸಾಮಾನ್ಯವೆಂದೂ ಜೈನುಲ್ ಹಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿ ಐವತ್ತು ವರ್ಷ ಕಳೆದಿದೆ. ನಮ್ಮ ಹಳ್ಳಿಗಳಲ್ಲಿ ಈ ಮಾತನ್ನು ಹೆಚ್ಚಾಗಿ ಯಾರ ಬಾಯಿಗೆ ಹಾಕುತ್ತಾರೆಂದು ವಕೀಲರಿಗೆಲ್ಲ ಗೊತ್ತು: ಮನೆಯ ಹೆಂಗಸರ ಬಾಯಿಗೆ, ವಯಸ್ಸಾದವರ ಬಾಯಿಗೆ. ಆಯುಧ ಹಿಡಿದರೆಂದರೆ ಯಾರೂ ನಂಬುವುದಿಲ್ಲ, ಆದ್ದರಿಂದ ಕೂಗಿದರೆಂದು ಬರೆಸುತ್ತಾರೆ. ಇಡೀ ಮನೆ ಜೈಲು ಸೇರಿದರೆ ಹೊಲ ಮಾಡುವವರಿಲ್ಲದೆ ಆ ಕುಟುಂಬ ಮುರಿದುಬೀಳುತ್ತದೆ ಎಂಬ ಲೆಕ್ಕ ಅದರ ಹಿಂದಿರುತ್ತದೆ. ಉತ್ತರ ಪ್ರದೇಶದಲ್ಲಿ ಜಾಗದ ಜಗಳಕ್ಕೆ ಒಂದೇ ಸಂಸಾರದ ಹಲವರು ಬಲಿಯಾದ ಸುರೇಶ್ ಪ್ರಕರಣದಲ್ಲಿ, ಆರೋಪಿಯ ಹೆಂಡತಿ ಕೃತ್ಯದ ಜಾಗದ ಬಳಿ ನಿಂತಿದ್ದಳು ಎಂಬ ಕಾರಣಕ್ಕೇ ಆಕೆಯನ್ನು ಕೊಲೆಗೆ ಹೊಣೆ ಮಾಡಲಾಗದೆಂದು ಮೂವರು ನ್ಯಾಯಮೂರ್ತಿಗಳ ಪೀಠ 2001ರಲ್ಲಿ ಹೇಳಿತು. ಆ ಕೃತ್ಯದ ಭೀಕರತೆಯನ್ನು ಓದಿದವರಿಗೆ ಈ ಸಂಯಮ ಎಷ್ಟು ಕಷ್ಟದ್ದೆಂದು ತಿಳಿಯುತ್ತದೆ.

ಕೊಲೆಯ ನಂತರದ ನಡವಳಿಕೆಯ ವಿಷಯದಲ್ಲೂ ಇಂಥದೇ ಗೊಂದಲವಿದೆ. ಹೆಣವನ್ನು ಸಾಗಿಸಲು ಗಾಡಿ ಕೊಟ್ಟವನು, ನೆಲದ ರಕ್ತ ತೊಳೆದವನು, ಮೊಬೈಲನ್ನು ಕೆರೆಗೆ ಎಸೆದವನು ಇವರೆಲ್ಲರೂ ಕೊಲೆಯ ಆರೋಪಿಗಳೇ ಎಂದು ಜನ ಭಾವಿಸುತ್ತಾರೆ. ಸಾಕ್ಷ್ಯ ನಾಶ ಪ್ರತ್ಯೇಕ ಅಪರಾಧ: ಹಿಂದೆ 201, ಈಗ 238ನೇ ಕಲಂ, ಕೊಲೆಯಂಥ ಪ್ರಕರಣದಲ್ಲಿ ಏಳು ವರ್ಷದವರೆಗೆ ಶಿಕ್ಷೆ. ಕೊಲೆಯಾದ ಮೇಲೆ ಸುದ್ದಿ ತಿಳಿದು ಬಂದವನ ಮನಸ್ಸಿನಲ್ಲಿ ಕೊಲ್ಲುವ ಉದ್ದೇಶ ಹಿಂದಿನಿಂದ ಬಂದು ಸೇರಿಕೊಳ್ಳುವುದಿಲ್ಲ. ನಂತರದ ನಡವಳಿಕೆ ಹಿಂದಿನ ಒಪ್ಪಂದಕ್ಕೆ ಬೆಳಕು ಚೆಲ್ಲಬಹುದು, ಉದಾಹರಣೆಗೆ ಗಾಡಿಯನ್ನು ಕೊಲೆಗೆ ಮುಂಚೆಯೇ ಗೊತ್ತುಮಾಡಿದ್ದರೆ, ಅಥವಾ ಸೀಮೆಎಣ್ಣೆಯನ್ನು ಬೆಳಗ್ಗೆಯೇ ಕೊಂಡಿದ್ದರೆ. ಅದನ್ನು ತೋರಿಸುವ ಭಾರ ಸರ್ಕಾರದ ಮೇಲಿದೆ.

ಗುಂಪು ದೊಡ್ಡದಾದಾಗ ಬರುವುದು ಹಳೆಯ 149, ಈಗಿನ 190ನೇ ಕಲಂ. ಐವರು ಅಥವಾ ಹೆಚ್ಚು ಜನರ ಅಕ್ರಮ ಕೂಟದ ಸದಸ್ಯನಾಗಿದ್ದರೆ, ಕೂಟದ ಗುರಿಗಾಗಿ ನಡೆದ ಕೊಲೆಗೆ ಅಥವಾ ನಡೆಯುವ ಸಂಭವವಿದೆಯೆಂದು ತಿಳಿದಿದ್ದ ಕೊಲೆಗೆ ಅವನೂ ಹೊಣೆ, ಕೈ ಎತ್ತಬೇಕೆಂದಿಲ್ಲ. ಇದು 34ಕ್ಕಿಂತ ಅಗಲವಾದ ಬಲೆ, ಹಾಗಾಗಿ ಇದರಲ್ಲಿ ನೋಡಲು ಬಂದವರೂ ಸಿಕ್ಕಿಕೊಳ್ಳುತ್ತಾರೆ. ಊರಿನ ಎರಡು ಪಕ್ಷಗಳ ಹೊಡೆದಾಟದಲ್ಲಿ ಹತ್ತಾರು ಜನರ ಮೇಲೆ ಆರೋಪ ಬಂದ ಮಸಾಲ್ತಿ ಪ್ರಕರಣದಲ್ಲಿ, ಕನಿಷ್ಠ ನಾಲ್ವರು ಸಾಕ್ಷಿಗಳು ಹೊಂದಾಣಿಕೆಯಾಗುವಂತೆ ಗುರುತಿಸಿದವರಿಗೆ ಮಾತ್ರ ಶಿಕ್ಷೆ ಎಂದು ಹೈಕೋರ್ಟ್ ಅನುಸರಿಸಿದ ಅಳತೆಗೋಲನ್ನು ಸುಪ್ರೀಂ ಕೋರ್ಟ್ ಒಪ್ಪಿತು. ಅಳತೆಗೋಲು ಯಾಂತ್ರಿಕವೆಂದು ಅನ್ನಿಸಬಹುದು, ಆದರೆ ಹೆಸರುಗಳ ಜಾತ್ರೆಯಲ್ಲಿ ನಿರಪರಾಧಿಯನ್ನು ಉಳಿಸಲು ಬೇರೆ ದಾರಿ ಕಾಣುವುದಿಲ್ಲ.

ಅಳತೆಗೋಲು ಎಷ್ಟೇ ಚೆನ್ನಾಗಿದ್ದರೂ ಸಾಕ್ಷಿಗಳೇ ಉಳಿಯದಿದ್ದರೆ ಏನಾಗುತ್ತದೆಂಬುದಕ್ಕೆ ಕಂಬಾಲಪಲ್ಲಿ ನಮ್ಮ ಕಣ್ಣ ಮುಂದಿದೆ. 2000ದ ಮಾರ್ಚ್ 11ರಂದು ಆಗಿನ ಕೋಲಾರ ಜಿಲ್ಲೆಯ ಚಿಂತಾಮಣಿ ತಾಲ್ಲೂಕಿನ ಆ ಹಳ್ಳಿಯಲ್ಲಿ ಏಳು ಮಂದಿ ದಲಿತರನ್ನು ಸುಟ್ಟು ಕೊಂದರು. ಸಾಕ್ಷಿಗಳು ಪ್ರತಿಕೂಲರಾದರು, 2006ರಲ್ಲಿ ವಿಚಾರಣಾ ನ್ಯಾಯಾಲಯ ಎಲ್ಲ ಆರೋಪಿಗಳನ್ನು ಬಿಡುಗಡೆ ಮಾಡಿತು, 2014ರಲ್ಲಿ ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಗುಂಪು ಬಂದದ್ದು, ಮನೆಗೆ ಬೆಂಕಿ ಬಿದ್ದದ್ದು, ಏಳು ಜೀವ ಹೋದದ್ದು ಯಾವುದೂ ಸುಳ್ಳಲ್ಲ. ಕಾನೂನಿನ ಕಣ್ಣಿಗೆ ಮಾತ್ರ ಅದನ್ನು ಮಾಡಿದವರು ಯಾರೂ ಇಲ್ಲ. ಹೊಸ ನ್ಯಾಯ ಸಂಹಿತೆಯ 103ನೇ ಕಲಮಿನ 2ನೇ ಉಪಕಲಂ, ಜಾತಿ, ಸಮುದಾಯ, ಭಾಷೆ, ನಂಬಿಕೆಯಂಥ ಕಾರಣಕ್ಕೆ ಐವರು ಅಥವಾ ಹೆಚ್ಚು ಜನ ಒಗ್ಗೂಡಿ ಕೊಂದರೆ ಪ್ರತಿಯೊಬ್ಬನಿಗೂ ಮರಣದಂಡನೆ ಅಥವಾ ಜೀವಾವಧಿ ಎನ್ನುತ್ತದೆ. ಕಲಂ ಸ್ವಾಗತಾರ್ಹ. ಆದರೆ ‘ಒಗ್ಗೂಡಿ’ ಎಂಬುದನ್ನು ರುಜುವಾತು ಮಾಡಬೇಕಾದ ಸಾಕ್ಷಿ ಅದೇ ಊರಿನಲ್ಲಿ, ಅದೇ ಓಣಿಯಲ್ಲಿ, ಆರೋಪಿಗಳ ಹೊಲದಲ್ಲೇ ಕೂಲಿ ಮಾಡಿ ಬದುಕಬೇಕಾದವನು ಎಂಬ ಸ್ಥಿತಿ ಬದಲಾಗುವವರೆಗೆ ಆ ಕಲಮಿಗೆ ಕೈಕಾಲು ಬರುವುದಿಲ್ಲ.

ಓದುಗರು ಅಷ್ಟಾಗಿ ತಿಳಿಯದ ಇನ್ನೊಂದು ಸಂಗತಿಯಿದೆ. ಒಂದೇ ಕೃತ್ಯದಲ್ಲಿ ಭಾಗಿಯಾದವರು ಬೇರೆಬೇರೆ ಅಪರಾಧಗಳಿಗೆ ಹೊಣೆಯಾಗಬಹುದೆಂದು ಹಳೆಯ ಸಂಹಿತೆಯ 38ನೇ ಕಲಂ ಹೇಳುತ್ತಿತ್ತು, ಹೊಸದರಲ್ಲೂ ಅದು ಉಳಿದಿದೆ. ತೀವ್ರ ಪ್ರಚೋದನೆಗೆ ಒಳಗಾಗಿ ಹೊಡೆದವನು ಕೊಲೆಗಿಂತ ಕಡಿಮೆಯ ಅಪರಾಧಕ್ಕೆ ಗುರಿಯಾದರೆ, ಪ್ರಚೋದನೆಯಿಲ್ಲದೆ ಹಳೆಯ ಹಗೆಯಿಂದ ಕೈಜೋಡಿಸಿದವನು ಅದೇ ಸಾವಿಗೆ ಕೊಲೆಗಾರನಾಗುತ್ತಾನೆ. ಗುಂಪನ್ನು ಗುಂಪಾಗಿ ತೂಗದೆ ಒಬ್ಬೊಬ್ಬರ ಮನಸ್ಸನ್ನು ಬಿಡಿಯಾಗಿ ತೂಗಬೇಕೆಂದು ಸಂಹಿತೆಯೇ ಹೇಳುತ್ತಿರುವಾಗ, ‘ಆರೋಪಿ 1ರಿಂದ 6 ಎಲ್ಲರೂ ಸಮಾನ ಉದ್ದೇಶದಿಂದ’ ಎಂಬ ಒಂದು ಸಾಲಿನ ದೋಷಾರೋಪಣ ಪಟ್ಟಿಗೆ ಏನು ಬೆಲೆ?

2024ರ ಜುಲೈ 1ರಿಂದ ಹೊಸ ಸಂಹಿತೆಗಳು ಜಾರಿಗೆ ಬಂದ ಮೇಲೆ ಕಿರಿಯ ವಕೀಲ ಮಿತ್ರರೊಬ್ಬರು ತಂದು ತೋರಿಸಿದ ದೋಷಾರೋಪಣ ಪಟ್ಟಿಯಲ್ಲಿ 34 ಎಂಬ ಅಂಕಿಯ ಜಾಗಕ್ಕೆ 3(5) ಬಂದಿತ್ತು, ವಾಕ್ಯ ಮಾತ್ರ ನಾನು ಮೂವತ್ತು ವರ್ಷ ಓದಿದ ವಾಕ್ಯವೇ. ತನಿಖೆ, ವಿಚಾರಣೆಗಳ ಕ್ರಮವನ್ನು ಹೇಳುವ ಹೊಸ ನಾಗರಿಕ ಸುರಕ್ಷಾ ಸಂಹಿತೆ ತನಿಖಾಧಿಕಾರಿಗೆ ಒಳ್ಳೆಯ ಸಲಕರಣೆಗಳನ್ನು ಕೊಟ್ಟಿದೆ. ಶೋಧ ಮತ್ತು ಜಪ್ತಿಯನ್ನು ಆಡಿಯೊ ವಿಡಿಯೊದಲ್ಲಿ ದಾಖಲಿಸಬೇಕೆಂದು 105ನೇ ಕಲಂ ಹೇಳುತ್ತದೆ. ಏಳು ವರ್ಷ ಅಥವಾ ಹೆಚ್ಚಿನ ಶಿಕ್ಷೆಯ ಅಪರಾಧಗಳಲ್ಲಿ ವಿಧಿವಿಜ್ಞಾನ ತಜ್ಞರು ಸ್ಥಳಕ್ಕೆ ಹೋಗಬೇಕೆಂದು 176ನೇ ಕಲಂ ಹೇಳುತ್ತದೆ. ಬೆದರಿಕೆಗೆ ಒಳಗಾಗಬಹುದಾದ ಸಾಕ್ಷಿಯ ಹೇಳಿಕೆಯನ್ನು 183ನೇ ಕಲಮಿನಂತೆ ಮ್ಯಾಜಿಸ್ಟ್ರೇಟರ ಮುಂದೆ ಬೇಗನೆ ಬರೆಸಬಹುದು. ಇವನ್ನು ಆಯುಧ ಹುಡುಕುವುದಕ್ಕೆ ಬಳಸುವಷ್ಟೇ ಕಾಳಜಿಯಿಂದ, ಆಯುಧ ಹಿಡಿಯದವರ ಪಾತ್ರ ಕಂಡುಕೊಳ್ಳುವುದಕ್ಕೂ ಬಳಸಬೇಕೆಂಬುದು ನನ್ನ ಆಗ್ರಹ. ಪ್ರತಿ ಆರೋಪಿಯ ಬಟ್ಟೆ, ಪ್ರತಿ ಆರೋಪಿಯ ಮೈಮೇಲಿನ ಗಾಯ, ಕೃತ್ಯದ ಹಿಂದಿನ ದಿನದಿಂದ ಅವರವರ ನಡುವಿನ ಫೋನ್ ಕರೆಗಳು, ಯಾರು ಯಾವ ದಾರಿಯಿಂದ ಬಂದರು ಎಂಬ ಸ್ಥಳ ನಕ್ಷೆ, ಗಾಯಾಳುವನ್ನು ಆಸ್ಪತ್ರೆಗೆ ಸಾಗಿಸಿದವರು ಯಾರು ಎಂಬ ದಾಖಲೆ: ಇಷ್ಟಿದ್ದರೆ ಆ ಮುದುಕಿ ಉತ್ತರಿಸಲಾಗದ ಪ್ರಶ್ನೆಗೆ ಕಾಗದಗಳು ಉತ್ತರಿಸುತ್ತವೆ.

ಸರ್ಕಾರಿ ಅಭಿಯೋಜಕರ ಹೊಣೆಯೂ ಸಣ್ಣದಲ್ಲ. ಪಟ್ಟಿ ನ್ಯಾಯಾಲಯಕ್ಕೆ ಹೋಗುವ ಮುನ್ನ ಅವರು ಪ್ರತಿ ಹೆಸರಿನ ಮುಂದೆ ‘ಈತ ಮಾಡಿದ್ದೇನು, ಹೇಳುವ ಸಾಕ್ಷಿ ಯಾರು’ ಎಂದು ಬರೆದು ನೋಡಲಿ. ಬರೆಯಲು ಏನೂ ಇಲ್ಲದ ಹೆಸರನ್ನು ಕೈಬಿಡಲು ಧೈರ್ಯ ಬೇಕು, ಏಕೆಂದರೆ ಕೈಬಿಟ್ಟರೆ ಹಣ ತಿಂದರೆಂಬ ಮಾತು ಬರುತ್ತದೆ. ಆದರೆ ಆರು ಹೆಸರುಗಳಲ್ಲಿ ಮೂರು ಸುಳ್ಳೆಂದು ಪಾಟೀಸವಾಲಿನಲ್ಲಿ ಬಯಲಾದರೆ ಉಳಿದ ಮೂರರ ಮೇಲಿನ ನಂಬಿಕೆಯೂ ಹೋಗುತ್ತದೆಂದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. 1963ರ ಕೃಷ್ಣ ಗೋವಿಂದ ಪಾಟೀಲ್ ಪ್ರಕರಣದಲ್ಲಿ ಆದದ್ದನ್ನು ನೆನೆಯಲಿ: ನಾಲ್ವರು ಸೇರಿ ಕೊಂದರೆಂದು ಆರೋಪವಿತ್ತು, ಮೂವರು ಬಿಡುಗಡೆಯಾದ ಮೇಲೆ ಅವರೊಂದಿಗೇ ಸಮಾನ ಉದ್ದೇಶ ಹೊಂದಿದ್ದನೆಂದು ನಾಲ್ಕನೆಯವನೊಬ್ಬನನ್ನೇ ಶಿಕ್ಷಿಸುವುದು ಸಾಧ್ಯವಿಲ್ಲವೆಂದು ಸುಪ್ರೀಂ ಕೋರ್ಟ್ ಹೇಳಿತು.

ಕೊನೆಯದಾಗಿ ಪತ್ರಿಕೆಯವರಲ್ಲಿ ಒಂದು ವಿನಂತಿ. ಕೊಲೆ ತೀರ್ಪನ್ನು ವರದಿ ಮಾಡುವಾಗ ಎಷ್ಟು ಜನರಿಗೆ ಶಿಕ್ಷೆ, ಎಷ್ಟು ಜನ ಖುಲಾಸೆ ಎಂಬ ಲೆಕ್ಕದ ಜೊತೆಗೆ, ಶಿಕ್ಷೆಯಾದ ಪ್ರತಿಯೊಬ್ಬನೂ ಏನು ಮಾಡಿದನೆಂದು ನ್ಯಾಯಾಲಯ ಕಂಡುಕೊಂಡಿತು ಮತ್ತು ಖುಲಾಸೆಯಾದವನ ವಿರುದ್ಧ ಯಾವ ಸಾಕ್ಷ್ಯ ಇರಲಿಲ್ಲ ಎಂಬ ಎರಡು ಸಾಲು ಸೇರಿಸಿ. ತೀರ್ಪಿನ ಪ್ರತಿಯಲ್ಲಿ ಅದು ಇದ್ದೇ ಇರುತ್ತದೆ. ಬದುವಿನ ಜಗಳದ ಆ ತೀರ್ಪು ಬಂದ ಮರುದಿನ ಪತ್ರಿಕೆಯೊಂದರಲ್ಲಿ ‘ಐವರು ಖುಲಾಸೆ’ ಎಂದಷ್ಟೇ ಅಚ್ಚಾಗಿತ್ತು. ಮೃತನ ತಾಯಿ ಆ ತುಣುಕನ್ನು ಕೈಯಲ್ಲಿ ಹಿಡಿದುಕೊಂಡು ಕೋರ್ಟಿನ ಮೆಟ್ಟಿಲ ಬಳಿ ಬಂದವರನ್ನೆಲ್ಲ ನಿಲ್ಲಿಸಿ, ಯಾಕ ಬಿಟ್ಟರು ಎಂದು ಕೇಳುತ್ತಿದ್ದಳು. ನನ್ನನ್ನೂ ಕೇಳಿದಳು.

ಇಂತಿ ವಂದನೆಗಳೊಂದಿಗೆ,
ನಿವೃತ್ತ ವಕೀಲ, ಧಾರವಾಡ